ಬಿಸಿಲು ನಾಡಿನ ಮಾಳಿಗೆ ಮೇಲೆ ಲಂಟಾನ: ಕುಂಡದಲ್ಲಿ ಬೆಳೆಸಿ ಹೂ ಬಿಡಿಸುವ ಕ್ರಮ

ಏಪ್ರಿಲ್ ನಡುವಿಗೆ ಬಂದರೆ ರಾಯಚೂರಿನ ಬಿಸಿಲು 40 ಡಿಗ್ರಿ ದಾಟುತ್ತದೆ. ಬಳ್ಳಾರಿ, ಕೊಪ್ಪಳದಲ್ಲೂ ಅದೇ ಪಾಡು. ಮಾಳಿಗೆ ಮೇಲಿನ ಗುಲಾಬಿ ಎಲೆ ಸುಟ್ಟುಕೊಂಡು ನಿಲ್ಲುತ್ತದೆ, ಸೇವಂತಿಗೆ ಹಂಗಾಮು ಅಷ್ಟರಲ್ಲಿ ಮುಗಿದೇ ಹೋಗಿರುತ್ತದೆ. ಅಂಥ ಹೊತ್ತಿನಲ್ಲೂ ದಿನಕ್ಕೆ ಎಂಟು ತಾಸು ನೇರ ಬಿಸಿಲು ಕುಡಿದು ಗೊಂಚಲು ಗೊಂಚಲಾಗಿ ಹೂ ಬಿಡುವ ಗಿಡಗಳು ಬೆರಳೆಣಿಕೆಯಷ್ಟು. ಅವುಗಳಲ್ಲಿ ಲಂಟಾನ ಒಂದು.

ಇದು ಮಧ್ಯ ಮತ್ತು ದಕ್ಷಿಣ ಅಮೆರಿಕದ ಉಷ್ಣ ಸೀಮೆಯ ಗಿಡ. 19ನೇ ಶತಮಾನದ ಆರಂಭದಲ್ಲಿ ಅಂದಕ್ಕೆಂದು ನಮ್ಮ ದೇಶಕ್ಕೆ ಬಂತು. ಬೇಲಿಯಲ್ಲಿ, ಹಳ್ಳದ ದಂಡೆಯಲ್ಲಿ ಯಾರೂ ನೀರು ಹಾಕದೆ ಬೆಳೆದದ್ದನ್ನು ಕಂಡವರು ಕುಂಡದಲ್ಲೂ ಹಾಗೆಯೇ ಬೆಳೆಯುತ್ತದೆ ಅಂದುಕೊಳ್ಳುತ್ತಾರೆ. ನೆಲದಲ್ಲಿರುವ ಗಿಡದ ಬೇರು ತಂಪು ಹುಡುಕಿಕೊಂಡು ಆಳಕ್ಕೆ ಇಳಿಯುತ್ತದೆ. ಕುಂಡದ ಬೇರಿಗೆ ಹೋಗಲು ಜಾಗವಿಲ್ಲ. ನಮ್ಮ ಕಡೆ ಕುಂಡದ ಲಂಟಾನ ಸತ್ತರೆ ಕಾರಣ ನೆತ್ತಿಯ ಬಿಸಿಲಲ್ಲ, ಬೇರಿಗೆ ತಾಗಿದ ಕಾವು, ಬೇರು ಉಸಿರಾಡದ ಮಣ್ಣು ಅಥವಾ ಸವಳು (ಉಪ್ಪು ಹೆಚ್ಚಿರುವ) ನೀರು. ಸಾಯದೆ ಹೂ ಬಿಡದೆ ನಿಂತರೆ ಕಾರಣ ಬೇರೆ: ನೆರಳು, ಹೆಚ್ಚಾದ ಗೊಬ್ಬರ, ಹಿಡಿಯದ ಕತ್ತರಿ. ಈ ಎರಡು ಮಾತು ಮನಸ್ಸಿನಲ್ಲಿದ್ದರೆ ಮುಂದಿನದೆಲ್ಲ ಸುಲಭ.

ಯಾವ ಗಿಡ ತರಬೇಕು

ನರ್ಸರಿಗಳಲ್ಲಿ ಮುಖ್ಯವಾಗಿ ಮೂರು ಬಗೆ ಸಿಗುತ್ತವೆ. ಮೊದಲನೆಯದು ನೆಟ್ಟಗೆ ಬೆಳೆಯುವ ಲಂಟಾನ ಕಮಾರಾ. ಒಂದೇ ಗೊಂಚಲಲ್ಲಿ ಹಳದಿ, ಕಿತ್ತಳೆ, ಕೆಂಪು ಅಥವಾ ಹಳದಿ, ಗುಲಾಬಿ ಕಾಣುವುದು ಇದರಲ್ಲೇ. ಗೊಂಚಲಿನ ನಡುವೆ ಹೊಸದಾಗಿ ಅರಳಿದ ಹೂ ಹಳದಿ ಇರುತ್ತದೆ, ದಿನ ಕಳೆದಂತೆ ಬಣ್ಣ ಗಾಢವಾಗುತ್ತ ಅಂಚಿಗೆ ಸರಿಯುತ್ತದೆ. ಚಿಟ್ಟೆಗಳು ಹೆಚ್ಚಾಗಿ ಬಂದು ಕೂರುವುದು ಮಕರಂದ ಇರುವ ಆ ಹಳದಿ ಹೂವಿನ ಮೇಲೆ. ಬಿಟ್ಟರೆ ಈ ಗಿಡ ಆಳೆತ್ತರಕ್ಕೆ ಹೋಗುತ್ತದೆ, ಕಾಂಡದ ಮೇಲೆ ಸಣ್ಣ ಕೊಕ್ಕೆ ಮುಳ್ಳು ಇರುತ್ತವೆ.

ಎರಡನೆಯದು ಲಂಟಾನ ಮಾಂಟೆವಿಡೆನ್ಸಿಸ್. ತೆಳುವಾದ ಕಾಂಡ, ನೇರಳೆ ಅಥವಾ ಬಿಳಿ ಹೂ, ಜೋತು ಬೀಳುವ ಗುಣ. ತೂಗು ಕುಂಡಕ್ಕೆ, ಮಾಳಿಗೆಯ ಪ್ಯಾರಾಪೆಟ್ ಗೋಡೆಯಿಂದ ಇಳಿಬಿಡುವುದಕ್ಕೆ ಇದಕ್ಕಿಂತ ಒಳ್ಳೆಯದು ಸಿಗಲಾರದು. ಮೂರನೆಯದು ಕುಳ್ಳ ತಳಿಗಳು. ಬಹುಪಾಲು ಹಳದಿ ಹೂವಿನವು, ಒಂದರಿಂದ ಒಂದೂವರೆ ಅಡಿಗೆ ನಿಲ್ಲುತ್ತವೆ, ಅಗಲಕ್ಕೆ ಹರಡುತ್ತವೆ. ಮೊದಲ ಸಲ ಕುಂಡದಲ್ಲಿ ಬೆಳೆಸುವವರಿಗೆ ಈ ಕುಳ್ಳ ಹಳದಿಯೇ ಸರಿ. ಕತ್ತರಿಸುವ ಕೆಲಸ ಕಡಿಮೆ, ಹೂ ಹೆಚ್ಚು.

ಕೊಳ್ಳುವಾಗ ಒಂದು ಪರೀಕ್ಷೆ ಮಾಡಿ. ಹೂ ಉದುರಿದ ಗೊಂಚಲುಗಳನ್ನು ಹುಡುಕಿ ಅದರ ತುದಿ ನೋಡಿ. ಸಾಸಿವೆಗಿಂತ ತುಸು ದೊಡ್ಡದಾದ ಹಸಿರು ಕಾಯಿಗಳ ಗೊಂಚಲು ಕಟ್ಟಿದ್ದರೆ ಅದು ಬೀಜ ಬಿಡುವ ತಳಿ. ಹೂ ಉದುರಿ ಬರೀ ತೊಟ್ಟು ಒಣಗಿದ್ದರೆ ಬೀಜ ಬಿಡದ ಮಿಶ್ರತಳಿ. ಸಾಧ್ಯವಾದಷ್ಟು ಬೀಜ ಬಿಡದ್ದನ್ನೇ ತನ್ನಿ. ಇದಕ್ಕೆ ಎರಡು ಕಾರಣ. ಕಾಯಿ ಕಟ್ಟುವ ಗಿಡ ತನ್ನ ಶಕ್ತಿಯನ್ನು ಕಾಯಿಗೆ ಹಾಕಿ ಹೂ ಕಡಿಮೆ ಮಾಡುತ್ತದೆ. ಮತ್ತೆ, ಹಕ್ಕಿಗಳು ಹಣ್ಣು ತಿಂದು ಬೀಜವನ್ನು ಎಲ್ಲೆಲ್ಲೋ ಹಾಕುತ್ತವೆ. ಬಂಡೀಪುರ, ಬಿಳಿಗಿರಿರಂಗನ ಬೆಟ್ಟ, ಮಲೆ ಮಹದೇಶ್ವರ ಬೆಟ್ಟದ ಕಾಡುಗಳಲ್ಲಿ ಲಂಟಾನ ಹಬ್ಬಿ ಹುಲ್ಲನ್ನೂ ಎಳೆ ಮರಗಳನ್ನೂ ಮೇಲೇಳಗೊಡದೆ ಮಾಡಿರುವುದು ಕಣ್ಣೆದುರಿಗಿದೆ. ಸಂಡೂರು ಗುಡ್ಡಗಳ, ದರೋಜಿ ಕರಡಿಧಾಮದ ಹತ್ತಿರ ಮನೆ ಇರುವವರು ಬೀಜ ಬಿಡುವ ತಳಿಯನ್ನು ತರಲೇಬಾರದು.

ಗಿಡದ ಆರೋಗ್ಯ ನೋಡುವುದು ಹೀಗೆ: ಎಲೆ ಮಗುಚಿ ಹಿಂಬದಿ ನೋಡಿ. ಕರಿ ಚುಕ್ಕೆ, ಬಿಳಿ ನೊಣ, ಹತ್ತಿಯಂಥ ಬಿಳಿ ಅಂಟು ಇದ್ದರೆ ಬೇಡ. ಹೂ ತುಂಬಿದ ಉದ್ದನೆಯ ಗಿಡಕ್ಕಿಂತ ಬುಡದಿಂದಲೇ ನಾಲ್ಕೈದು ಕವಲೊಡೆದ ಗಿಡ್ಡ ಗಿಡ ಮೇಲು.

ಕುಂಡ

ನೆಟ್ಟಗೆ ಬೆಳೆಯುವ ಬಗೆಗೆ 12 ಇಂಚು ಬಾಯಿ, ಅಷ್ಟೇ ಆಳದ ಕುಂಡ ಬೇಕು. ಕುಳ್ಳ ತಳಿಗೆ 10 ಇಂಚು, ತೂಗು ಕುಂಡಕ್ಕೆ 8ರಿಂದ 10 ಇಂಚು ಸಾಕು. ಸಣ್ಣ ಗಿಡವನ್ನು ಒಮ್ಮೆಗೇ 16 ಇಂಚಿನ ಕುಂಡಕ್ಕೆ ಹಾಕಬೇಡಿ. ಬೇರು ಮುಟ್ಟದ ಮಣ್ಣು ಒದ್ದೆಯಾಗಿಯೇ ಉಳಿದು ಕೊಳೆ ಶುರುವಾಗುತ್ತದೆ, ಅದು ತಪ್ಪಿದರೂ ಗಿಡ ಮೊದಲು ಬೇರು, ಎಲೆ ಮಾಡುತ್ತ ಹೂವಿಗೆ ತಡವಾಗಿ ಬರುತ್ತದೆ. ಬೇರು ತುಸು ಇಕ್ಕಟ್ಟಾದಾಗಲೇ ಲಂಟಾನ ಚೆನ್ನಾಗಿ ಹೂ ಬಿಡುವುದು.

ನಮ್ಮ ಬಿಸಿಲಿಗೆ ಕುಂಬಾರರ ಮಣ್ಣಿನ ಕುಂಡ ಎಲ್ಲಕ್ಕಿಂತ ಒಳ್ಳೆಯದು. ಗೋಡೆಯಿಂದ ನೀರು ಜಿನುಗಿ ಆವಿಯಾಗುವಾಗ ಒಳಗಿನ ಮಣ್ಣು ತಣ್ಣಗಿರುತ್ತದೆ. ನೀರು ಮಾತ್ರ ಬೇಗ ಒಣಗುತ್ತದೆ. ಸಿಮೆಂಟ್ ಕುಂಡ ಗಟ್ಟಿ, ಆದರೆ ಭಾರ, ಹೊಸದರಲ್ಲಿ ಸುಣ್ಣ ಬಿಡುತ್ತದೆ. ಅದನ್ನು ನೀರು ತುಂಬಿಸಿಟ್ಟು ಮೂರ್ನಾಲ್ಕು ಸಲ ನೀರು ಬದಲಿಸಿ ವಾರದ ಮೇಲೆ ಬಳಸಿ. ಎಲ್ಲಕ್ಕಿಂತ ಅಪಾಯದ್ದು ಕಪ್ಪು ಪ್ಲಾಸ್ಟಿಕ್ ಕುಂಡ ಮತ್ತು ಕಪ್ಪು ಗ್ರೋ ಬ್ಯಾಗ್. ಮೇ ತಿಂಗಳ ಮಧ್ಯಾಹ್ನ ಪಡುವಣ ಬಿಸಿಲು ಬೀಳುವ ಬದಿಯನ್ನು ಮುಟ್ಟಿ ನೋಡಿದರೆ ಕೈ ಇಡಲಾಗದು. ಆ ಬದಿಯ ಬೇರೆಲ್ಲ ಬೆಂದಿರುತ್ತದೆ. ಪ್ಲಾಸ್ಟಿಕ್ಕೇ ಇದ್ದರೆ ಬಿಳಿ ಅಥವಾ ತಿಳಿ ಬಣ್ಣದ್ದು ಆರಿಸಿ, ಇಲ್ಲವೇ ಸುತ್ತ ಗೋಣಿ ಚೀಲ ಸುತ್ತಿ ದಾರದಿಂದ ಬಿಗಿಯಿರಿ. ಹಳೆಯ 20 ಲೀಟರ್ ಪೇಂಟ್ ಡಬ್ಬಿ ಆಗುತ್ತದೆ. ಚೆನ್ನಾಗಿ ತೊಳೆದು, ಹೊರಗೆ ಸುಣ್ಣ ಬಳಿದು, ತಳದಲ್ಲಿ ಬೆರಳು ಗಾತ್ರದ ಐದಾರು ತೂತು ಮಾಡಿ.

ಮಾಳಿಗೆಯ ಕಾಂಕ್ರೀಟಿನ ಮೇಲೆ ಕುಂಡವನ್ನು ನೇರವಾಗಿ ಇಡಬೇಡಿ. ಎರಡು ಮೂರು ಇಟ್ಟಿಗೆ ಚೂರು ಕೊಟ್ಟು ಎತ್ತರಿಸಿ. ತಳಕ್ಕೆ ಕಾವು ತಟ್ಟುವುದು ತಪ್ಪುತ್ತದೆ, ನೀರೂ ಸರಾಗ ಹರಿಯುತ್ತದೆ. ಬೇಸಿಗೆಯಲ್ಲಿ ಕುಂಡಗಳನ್ನು ಒಂದಕ್ಕೊಂದು ತಾಗಿಸಿ ಗುಂಪಾಗಿಟ್ಟರೆ ಒಂದರ ನೆರಳು ಇನ್ನೊಂದರ ಗೋಡೆಗೆ ಬೀಳುತ್ತದೆ. ಎಲೆಗೆ ಬಿಸಿಲು, ಕುಂಡದ ಗೋಡೆಗೆ ನೆರಳು, ಹೀಗಿರಬೇಕು. 12 ಇಂಚಿನ ಕುಂಡ ನೀರುಂಡಾಗ 20 ಕಿಲೋ ಆಸುಪಾಸು ತೂಗುತ್ತದೆ. ಹತ್ತಾರು ಕುಂಡ ಇಡುವವರು ಮಾಳಿಗೆಯ ನಡುವೆ ಇಡದೆ ಗೋಡೆ ಮತ್ತು ಬೀಮಿನ ಮೇಲೆ ಬರುವ ಹಾಗೆ ಸಾಲಾಗಿಡಿ.

ಮಣ್ಣು

ಈ ಮೂರು ಜಿಲ್ಲೆಗಳಲ್ಲಿ ಹೆಚ್ಚು ತಪ್ಪುವುದು ಇಲ್ಲೇ. ಮನೆ ಹತ್ತಿರದ ಕಪ್ಪು ಎರೆ ಮಣ್ಣು ಹತ್ತಿಗೆ, ಜೋಳಕ್ಕೆ, ಕಡಲೆಗೆ ಬಂಗಾರ. ಕುಂಡಕ್ಕೆ ಅದೇ ಮಣ್ಣು ಆಗದು. ನೀರುಂಡಾಗ ಉಬ್ಬಿ ಗಾಳಿಯಾಡದಂತೆ ಬಿಗಿಯುತ್ತದೆ. ಒಣಗಿದಾಗ ಕುಗ್ಗಿ ಕುಂಡದ ಗೋಡೆ ಬಿಟ್ಟು ಬೆರಳು ತೂರುವಷ್ಟು ಬಿರುಕು ಬಿಡುತ್ತದೆ, ಆ ಬಿರುಕು ಎಳೆ ಬೇರನ್ನು ಹರಿಯುತ್ತದೆ. ಮತ್ತೆ ನೀರು ಹಾಕಿದರೆ ಬಿರುಕಿನಿಂದ ಸೀದಾ ತಳಕ್ಕೆ ಹೋಗಿ ಹೊರಗೆ ಬರುತ್ತದೆ, ಬೇರು ಹಿಡಿದ ಮಣ್ಣಿನ ಗಡ್ಡೆಯ ನಡುಭಾಗ ಒಣಗಿಯೇ ಇರುತ್ತದೆ. ನೋಡುವವರಿಗೆ ನೀರು ಹಾಕಿದ ಹಾಗೆ ಕಾಣುತ್ತದೆ, ಗಿಡ ಬಾಯಾರಿ ಸಾಯುತ್ತದೆ.

ಗಂಗಾವತಿ, ಕಾರಟಗಿ, ಸಿಂಧನೂರು ಕಡೆ ಭತ್ತದ ಗದ್ದೆಯ ಮಣ್ಣು ತರುವವರೂ ಇದ್ದಾರೆ. ತುಂಗಭದ್ರಾ ಕಾಲುವೆ ನೀರಾವರಿಯ ತಗ್ಗು ಜಾಗಗಳಲ್ಲಿ ಸವಳು ಏರಿದ ಮಣ್ಣು ಸಾಕಷ್ಟಿದೆ. ಒಣಗಿದಾಗ ಮೇಲೆ ಬಿಳಿ ಪುಡಿ ಕಾಣುವ ಮಣ್ಣನ್ನು ಮುಟ್ಟಲೇಬೇಡಿ.

ಬೇಕಾದ್ದು ಮಸಾರಿ ಮಣ್ಣು, ಅಂದರೆ ನಮ್ಮ ಕೆಂಪು ಮಣ್ಣು. ಕೊಪ್ಪಳ, ಸಂಡೂರು ಸುತ್ತ ಎಲ್ಲಿ ಬೇಕಾದರೂ ಸಿಗುತ್ತದೆ. ಅಳತೆಗೆ ಒಂದು ಬುಟ್ಟಿ ಹಿಡಿದುಕೊಳ್ಳಿ:

- ಜರಡಿ ಹಿಡಿದ ಕೆಂಪು ಮಣ್ಣು 4 ಬುಟ್ಟಿ
- ದಪ್ಪ ಉಸುಕು 2 ಬುಟ್ಟಿ
- ಪೂರ್ತಿ ಕಳಿತ ತಿಪ್ಪೆ ಗೊಬ್ಬರ ಅಥವಾ ಎರೆಹುಳು ಗೊಬ್ಬರ 2 ಬುಟ್ಟಿ
- ನೆನೆಸಿ ತೊಳೆದ ಕೋಕೋಪೀಟ್ (ತೆಂಗಿನ ನಾರಿನ ಪುಡಿ) ಅಥವಾ ಕರಿಯಾಗಿ ಸುಟ್ಟ ಭತ್ತದ ಹೊಟ್ಟು 1 ಬುಟ್ಟಿ
- ಪ್ರತಿ 12 ಇಂಚಿನ ಕುಂಡಕ್ಕೆ ಬೇವಿನ ಹಿಂಡಿ 50 ಗ್ರಾಂ

ಉಸುಕಿನ ಬದಲು ಎಂ ಸ್ಯಾಂಡ್ (ಕಲ್ಲು ಪುಡಿ ಮಾಡಿದ ಉಸುಕು) ಹಾಕುವುದಾದರೆ ತೊಳೆದು ಧೂಳು ಬಿಡಿಸಲೇಬೇಕು. ಆ ಧೂಳು ಸಿಮೆಂಟಿನ ಹಾಗೆ ಕೂತುಬಿಡುತ್ತದೆ. ಭತ್ತದ ಹೊಟ್ಟಿನ ವಿಷಯದಲ್ಲಿ ಒಂದು ಎಚ್ಚರ: ಮಿಲ್ಲಿನ ಬಾಯ್ಲರಿನಿಂದ ಬರುವ ಬೂದು ಬಿಳಿ ಬೂದಿ ಬೇಡ. ಅದರಲ್ಲಿ ಕ್ಷಾರ ಹೆಚ್ಚು, ನಮ್ಮ ನೀರು ಮೊದಲೇ ಕ್ಷಾರದ್ದು. ಎರಡೂ ಸೇರಿದರೆ ಗಿಡಕ್ಕೆ ಕಬ್ಬಿಣದ ಅಂಶ ಸಿಗದೆ ಎಳೆ ಎಲೆ ಹಳದಿಯಾಗುತ್ತದೆ. ಹೊಟ್ಟಿನ ಆಕಾರ ಉಳಿದು ಕರಿಯಾಗಿರುವಷ್ಟೇ ಸುಟ್ಟದ್ದು ಬೇಕು. ಹಸಿ ಹೊಟ್ಟನ್ನು ಬೆರೆಸಿದರೆ ಅದು ಕಳಿಯುವಾಗ ಮಣ್ಣಿನ ಸಾರಜನಕವನ್ನು ಎಳೆದುಕೊಳ್ಳುತ್ತದೆ. ತಿಪ್ಪೆ ಗೊಬ್ಬರವೂ ಮುಷ್ಟಿಯಲ್ಲಿ ಹಿಡಿದರೆ ಪುಡಿಯಾಗಿ ಉದುರಬೇಕು, ಸಗಣಿ ವಾಸನೆ ಇದ್ದರೆ ಇನ್ನೂ ಕಳಿತಿಲ್ಲ.

ಬೆರೆಸಿದ ಮಣ್ಣನ್ನು ಒದ್ದೆ ಮಾಡಿ ಮುಷ್ಟಿ ಕಟ್ಟಿ ನೋಡಿ. ಉಂಡೆಯಾಗಬೇಕು, ಹೆಬ್ಬೆರಳಿನಿಂದ ಮೆಲ್ಲಗೆ ಒತ್ತಿದರೆ ಒಡೆಯಬೇಕು. ಒಡೆಯದಿದ್ದರೆ ಉಸುಕು ಹೆಚ್ಚಿಸಿ. ತುಂಬಿದ ಕುಂಡಕ್ಕೆ ಒಂದು ತಂಬಿಗೆ ನೀರು ಹಾಕಿದರೆ ಅರ್ಧ ನಿಮಿಷದೊಳಗೆ ಮೇಲ್ಮೈಯಿಂದ ಇಂಗಬೇಕು.

ನೆಡುವುದು

ಮೃಗಶಿರ ಮಳೆಯಿಂದ ಪುಷ್ಯ ಮಳೆವರೆಗೆ, ಅಂದರೆ ಜೂನ್ ಎರಡನೇ ವಾರದಿಂದ ಜುಲೈ ಕೊನೆವರೆಗೆ ನೆಡಲು ಒಳ್ಳೆಯ ಕಾಲ. ತಪ್ಪಿದರೆ ದಸರಾ ಆದ ಮೇಲೆ. ಮಾರ್ಚ್ ನಂತರ ನರ್ಸರಿ ಚೀಲದಿಂದ ಬಿಡಿಸಿ ನೆಡಬೇಡಿ, ಅಲ್ಲಾಡಿದ ಬೇರು ಆ ಬಿಸಿಲಿಗೆ ಚೇತರಿಸಿಕೊಳ್ಳುವುದಿಲ್ಲ.

ತಳದ ತೂತಿನ ಮೇಲೆ ಹೆಂಚಿನ ಚೂರನ್ನು ಬೋರಲು ಮುಚ್ಚಿ, ಅದರ ಮೇಲೆ ಮಣ್ಣು. ಜಲ್ಲಿ ಕಡಿಯ ದಪ್ಪ ಪದರ ಹಾಕುವ ರೂಢಿ ಇದೆ, ಅದರಿಂದ ನೀರು ಬೇಗ ಬಸಿಯುವುದಿಲ್ಲ, ಬೇರಿನ ಜಾಗ ಕಡಿಮೆಯಾಗುತ್ತದೆ ಅಷ್ಟೆ. ನರ್ಸರಿ ಚೀಲವನ್ನು ಬ್ಲೇಡಿನಿಂದ ಉದ್ದಕ್ಕೆ ಸೀಳಿ ತೆಗೆಯಿರಿ. ಗಡ್ಡೆಯ ಸುತ್ತ ಬೇರು ಸುತ್ತಿಕೊಂಡಿದ್ದರೆ ಬೆರಳಿನಿಂದ ಬಿಡಿಸಿ. ಚೀಲದಲ್ಲಿದ್ದ ಮಟ್ಟಕ್ಕೇ ಕೂರಿಸಿ, ಕಾಂಡವನ್ನು ಹೂಳಬೇಡಿ. ಅಂಚಿನಿಂದ ಒಂದೂವರೆ ಇಂಚು ಕೆಳಗೆ ಮಣ್ಣು ನಿಲ್ಲಲಿ. ತಳದಿಂದ ಹರಿಯುವವರೆಗೆ ನೀರು ಕೊಡಿ, ಐದಾರು ದಿನ ಬೆಳಗಿನ ಬಿಸಿಲು ಮಾತ್ರ ಬೀಳುವ ಕಡೆ ಇಡಿ, ಆಮೇಲೆ ಪೂರ್ತಿ ಬಿಸಿಲಿಗೆ ತನ್ನಿ. ದಿನಕ್ಕೆ ಆರು ತಾಸಿಗಿಂತ ಕಡಿಮೆ ಬಿಸಿಲು ಸಿಗುವ ಕಡೆ ಇಟ್ಟರೆ ಗಿಡ ಹಸಿರಾಗಿರುತ್ತದೆ, ಹೂ ಮಾತ್ರ ಅಲ್ಲೊಂದು ಇಲ್ಲೊಂದು.

ನೀರು

ಬೆರಳನ್ನು ಎರಡು ಗೆಣ್ಣು ಮಣ್ಣಿಗೆ ಇಳಿಸಿ. ಒಣಗಿದೆ ಅನ್ನಿಸಿದರೆ ನೀರು, ತಂಪಿದ್ದರೆ ಬೇಡ. ಅಂದಾಜಿಗೆ ಬೇಕೆಂದರೆ 12 ಇಂಚಿನ ಮಣ್ಣಿನ ಕುಂಡಕ್ಕೆ ಏಪ್ರಿಲ್, ಮೇ ತಿಂಗಳಲ್ಲಿ ದಿನಾ ಬೆಳಿಗ್ಗೆ ಎರಡರಿಂದ ಎರಡೂವರೆ ಲೀಟರ್. ಮಳೆಗಾಲದಲ್ಲಿ ಮಳೆ ತಪ್ಪಿದ ದಿನಗಳಲ್ಲಿ ಎರಡು ದಿನಕ್ಕೊಮ್ಮೆ. ಡಿಸೆಂಬರ್, ಜನವರಿಯಲ್ಲಿ ಮೂರು ನಾಲ್ಕು ದಿನಕ್ಕೊಮ್ಮೆ. ಪ್ಲಾಸ್ಟಿಕ್ ಕುಂಡಕ್ಕೆ ಇದಕ್ಕಿಂತ ಕಾಲು ಭಾಗ ಕಡಿಮೆ. ತೂಗು ಕುಂಡಕ್ಕೆ ಗಾಳಿ ಎಲ್ಲ ಕಡೆಯಿಂದ ಬಡಿಯುವುದರಿಂದ ಬೇಸಿಗೆಯಲ್ಲಿ ಸಂಜೆಯೂ ಸ್ವಲ್ಪ ಬೇಕು. ನಾಲ್ಕೈದು ದಿನಕ್ಕೊಮ್ಮೆ ನಲ್ಲಿ ನೀರು ಬರುವ ಓಣಿಯವರಿಗೂ ಈ ಗಿಡ ಒಗ್ಗುತ್ತದೆ. ಒಂದು ದಿನ ತಪ್ಪಿದರೆ ಎಲೆ ಜೋತು ಬೀಳುತ್ತದೆ, ನೀರುಂಡರೆ ಸಂಜೆಗೆ ನಿಲ್ಲುತ್ತದೆ. ಆದರೆ ಪದೇ ಪದೇ ಹಾಗಾದರೆ ಮೊಗ್ಗು ಉದುರುತ್ತವೆ.

ಮಧ್ಯಾಹ್ನ ಎಲೆ ಬಾಡಿದ್ದು ಕಂಡ ಕೂಡಲೇ ಕೊಡ ಎತ್ತಿಕೊಂಡು ಓಡಬೇಡಿ. ಮೊದಲು ಮಣ್ಣು ಮುಟ್ಟಿ ನೋಡಿ. ಒಣಗಿದ್ದರೆ ನೀರಡಿಕೆ. ಮಣ್ಣು ಒದ್ದೆ ಇದ್ದೂ ಮಧ್ಯಾಹ್ನ ಬಾಡಿ, ಸಂಜೆ ತಂಪಿಗೆ ತಾನೇ ಎದ್ದು ನಿಂತರೆ ಬೇರಿಗೆ ಕಾವು ಹೆಚ್ಚಾಗಿದೆ. ಗೋಣಿ ಸುತ್ತಿ, ಮಣ್ಣಿನ ಮೇಲೆ ಎರಡು ಇಂಚು ಶೇಂಗಾ ಹೊಟ್ಟು ಅಥವಾ ಒಣ ಎಲೆ ಹರಡಿ, ಪಡುವಣ ಬದಿಗೆ ಮರೆ ಕೊಡಿ. ಮಣ್ಣು ಒದ್ದೆ ಇದ್ದು ಬೆಳಿಗ್ಗೆಯೂ ಬಾಡಿಯೇ ಇದ್ದರೆ ಬೇರು ಕೊಳೆಯುತ್ತಿದೆ. ಆಗ ಹಾಕುವ ಪ್ರತಿ ತಂಬಿಗೆ ನೀರೂ ಗಿಡವನ್ನು ಬೇಗ ಕೊಲ್ಲುತ್ತದೆ. ಕುಂಡದಿಂದ ಎತ್ತಿ, ಕಂದು ಬಣ್ಣಕ್ಕೆ ತಿರುಗಿ ಸಿಪ್ಪೆ ಕಳಚುವ ಬೇರುಗಳನ್ನು ಕತ್ತರಿಸಿ, ಮೇಲಿನ ಗಿಡವನ್ನೂ ಅರ್ಧಕ್ಕೆ ಇಳಿಸಿ, ಹೊಸ ಮಣ್ಣಿಗೆ ಹಾಕಿ ನೆರಳಿಗಿಡಿ.

ಬೇಸಿಗೆ ಮಧ್ಯಾಹ್ನ ಮಾಳಿಗೆ ಮೇಲಿನ ಸಿಂಟೆಕ್ಸ್ ಟ್ಯಾಂಕಿನಿಂದ, ಬಿಸಿಲಲ್ಲಿ ಬಿದ್ದ ಪೈಪಿನಿಂದ ಬರುವ ನೀರು ಕೈಗೇ ಸುಡುತ್ತದೆ. ಅದನ್ನು ಬೇರಿಗೆ ಬಿಡಬೇಡಿ. ಬೆಳಿಗ್ಗೆ ಎಂಟರೊಳಗೆ ನೀರು ಕೊಡುವುದು ಎಲ್ಲಕ್ಕಿಂತ ಒಳ್ಳೆಯದು.

ಇನ್ನು ಬೋರ್ ನೀರು. ನಮ್ಮ ಕಡೆಯ ಬಹಳಷ್ಟು ಕೊಳವೆಬಾವಿಗಳ ನೀರು ಗಡಸು, ಕೆಲವು ಕಡೆ ಸವಳು. ಕುಂಡದ ಹೊರಗೋಡೆಯಲ್ಲಿ, ಮಣ್ಣಿನ ಮೇಲೆ ಬಿಳಿ ಪೊರೆ ಕಟ್ಟುತ್ತದೆ, ಹಳೆ ಎಲೆಗಳ ಅಂಚು ಕಂದಾಗಿ ಒಣಗುತ್ತದೆ. ಪ್ರತಿದಿನ ಸ್ವಲ್ಪ ಸ್ವಲ್ಪ ಚಿಮುಕಿಸುವವರ ಕುಂಡದಲ್ಲಿ ಇದು ಹೆಚ್ಚು. ನೀರು ಆವಿಯಾಗುತ್ತದೆ, ಉಪ್ಪು ಅಲ್ಲೇ ಉಳಿಯುತ್ತದೆ. ಆದ್ದರಿಂದ ಹಾಕಿದಾಗಲೆಲ್ಲ ತಳದಿಂದ ಸ್ವಲ್ಪ ಹರಿದು ಹೋಗುವಷ್ಟು ಹಾಕಿ. ತಿಂಗಳಿಗೊಮ್ಮೆ ನಲ್ಲಿಯ ನದಿ ನೀರನ್ನೋ ಹಿಡಿದಿಟ್ಟ ಮಳೆ ನೀರನ್ನೋ ಕುಂಡದ ಅಳತೆಯ ಎರಡು ಪಟ್ಟು, ನಿಧಾನವಾಗಿ, ಒಂದು ತಾಸಿನ ಅವಧಿಯಲ್ಲಿ ಸುರಿದು ಉಪ್ಪು ತೊಳೆಯಿರಿ. ಕೆಳಗಿನ ತಟ್ಟೆಯಲ್ಲಿ ನಿಂತ ನೀರನ್ನು ಚೆಲ್ಲಿ. ಆರ್‌ಒ ಯಂತ್ರದಿಂದ ಹೊರಗೆ ಬರುವ ತ್ಯಾಜ್ಯ ನೀರಿನಲ್ಲಿ ಉಪ್ಪು ಇನ್ನೂ ಗಟ್ಟಿಯಾಗಿರುತ್ತದೆ. ಬೇರೆ ನೀರೇ ಇಲ್ಲದಿದ್ದರೂ ಕುಂಡಕ್ಕೆ ಅದು ಬೇಡ.

ಎಳೆ ಎಲೆ ಹಳದಿಯಾಗಿ ನರ ಮಾತ್ರ ಹಸಿರಿದ್ದರೆ ಅದು ಕಬ್ಬಿಣದ ಕೊರತೆ. ಒಂದು ಲೀಟರ್ ನೀರಿಗೆ ಫೆರಸ್ ಸಲ್ಫೇಟ್ 2 ಗ್ರಾಂ, ನಿಂಬೆ ಉಪ್ಪು (ಸಿಟ್ರಿಕ್ ಆಸಿಡ್) 1 ಗ್ರಾಂ ಕರಗಿಸಿ ಸಂಜೆ ಎಲೆಗೆ ಸಿಂಪಡಿಸಿ. ಹತ್ತು ದಿನ ಬಿಟ್ಟು ಇನ್ನೊಮ್ಮೆ. ಕರಗಿಸಿದ ನೀರನ್ನು ನಾಳೆಗೆಂದು ಎತ್ತಿಡಬೇಡಿ, ತುಕ್ಕು ಬಣ್ಣಕ್ಕೆ ತಿರುಗಿದ ಮೇಲೆ ಅದು ಉಪಯೋಗಕ್ಕಿಲ್ಲ.

ಮಳೆಯ ಬಗ್ಗೆ ಒಂದು ಮಾತು. ನಮ್ಮಲ್ಲಿ ವರ್ಷದ ಮಳೆಯಲ್ಲಿ ದೊಡ್ಡ ಪಾಲು ಹುಬ್ಬಿ, ಉತ್ತರೆ, ಹಸ್ತ ಮಳೆಗಳಲ್ಲಿ, ಅಂದರೆ ಸೆಪ್ಟೆಂಬರ್ ಆಜುಬಾಜಿನಲ್ಲಿ ಬೀಳುತ್ತದೆ. ಬೇಸಿಗೆ ದಾಟಿದ ಗಿಡ ಆಗ ಕೊಳೆತು ಹೋಗುವುದು ಉಂಟು. ಆ ತಿಂಗಳು ತಟ್ಟೆ ತೆಗೆದಿಡಿ, ಶೇಂಗಾ ಹೊಟ್ಟಿನ ಹೊದಿಕೆ ಸರಿಸಿ, ತಳದ ತೂತು ಮುಚ್ಚಿದೆಯೇ ಎಂದು ಕಡ್ಡಿ ಹಾಕಿ ನೋಡಿ.

ಕತ್ತರಿ

ಲಂಟಾನ ಹೂ ಬಿಡುವುದು ಹೊಸ ಚಿಗುರಿನಲ್ಲಿ. ಕತ್ತರಿಸಿದಲ್ಲೆಲ್ಲ ಎರಡು ಚಿಗುರು, ಒಂದೊಂದು ಚಿಗುರಿನ ಎಲೆ ಕಂಕುಳಿನಲ್ಲೂ ಗೊಂಚಲು. ಕತ್ತರಿಸಲು ಮನಸ್ಸು ಬಾರದವರ ಗಿಡ ಬುಡದಲ್ಲಿ ಬೋಳಾಗಿ, ತುದಿಯಲ್ಲಿ ಮಾತ್ರ ನಾಲ್ಕು ಹೂ ಹೊತ್ತು ನಿಲ್ಲುತ್ತದೆ.

ದೊಡ್ಡ ಕತ್ತರಿಸುವಿಕೆ ವರ್ಷಕ್ಕೊಮ್ಮೆ, ಸಂಕ್ರಾಂತಿ ಕಳೆದ ಮೇಲೆ, ಜನವರಿ ಕೊನೆಯ ವಾರದಿಂದ ಫೆಬ್ರವರಿ ಮೊದಲ ವಾರದೊಳಗೆ. ಒಣ ಕಡ್ಡಿ, ಒಳಕ್ಕೆ ಬೆಳೆದು ಒಂದಕ್ಕೊಂದು ಉಜ್ಜುವ ಕಡ್ಡಿಗಳನ್ನು ಬುಡಕ್ಕೇ ತೆಗೆಯಿರಿ. ಉಳಿದ ಕಾಂಡಗಳನ್ನು ಅರ್ಧಕ್ಕೆ ಇಳಿಸಿ, ಎದುರೆದುರು ಎಲೆಗಳಿರುವ ಗೆಣ್ಣಿನ ಕಾಲು ಇಂಚು ಮೇಲೆ ಕತ್ತರಿ ಬೀಳಲಿ. ಪ್ರತಿ ಕಾಂಡದಲ್ಲಿ ಒಂದೆರಡು ಜೋಡಿ ಹಸಿರೆಲೆ ಉಳಿದಿರಬೇಕು. ಪೂರ್ತಿ ಬೋಳು ಕಡ್ಡಿಗೆ ಇಳಿಸಿದರೆ ಹಳೆ ಗಿಡಗಳಲ್ಲಿ ಕೆಲವು ಕಾಂಡ ಚಿಗುರದೆ ಉಳಿಯುತ್ತವೆ. ಚಿಗುರು ನಾಲ್ಕು ಇಂಚಾದಾಗ ತುದಿಯನ್ನು ಉಗುರಿನಿಂದ ಚಿವುಟಿ. ಇಷ್ಟು ಮಾಡಿದರೆ ಯುಗಾದಿ ಹೊತ್ತಿಗೆ ಗಿಡ ತುಂಬಿ ಹೂವಿಗೆ ಬರುತ್ತದೆ.

ಏಪ್ರಿಲ್, ಮೇ ತಿಂಗಳಲ್ಲಿ ದೊಡ್ಡದಾಗಿ ಕತ್ತರಿಸಬೇಡಿ. ಎಲೆಯ ನೆರಳು ಹೋದರೆ ಕಾಂಡದ ಸಿಪ್ಪೆ ಬಿಸಿಲಿಗೆ ಸುಡುತ್ತದೆ. ಒಣಗಿದ ಗೊಂಚಲುಗಳನ್ನು ಅದರ ಕೆಳಗಿನ ಮೊದಲ ಎಲೆ ಜೋಡಿಯವರೆಗೆ ವಾರಕ್ಕೊಮ್ಮೆ ಕತ್ತರಿಸುತ್ತಿದ್ದರೆ ಸಾಕು. ಮೊದಲ ಮಳೆ ಬಿದ್ದ ಮೇಲೆ ಮತ್ತೊಮ್ಮೆ ಮೂರನೇ ಒಂದು ಭಾಗ ಇಳಿಸಿದರೆ ದಸರೆಗೆ ಇನ್ನೊಂದು ಸುತ್ತು ತುಂಬು ಹೂ ಸಿಗುತ್ತದೆ. ಕೈಗವಸು ಹಾಕಿಕೊಳ್ಳಿ. ಮುಳ್ಳಿನ ಗೀರು, ಒರಟು ಎಲೆಯ ಉಜ್ಜು ಹಲವರಿಗೆ ನವೆ ತರುತ್ತದೆ.

ಗೊಬ್ಬರ

ಕಡಿಮೆ ಹಾಕಿದಷ್ಟೂ ಹೂ ಹೆಚ್ಚು. ಫೆಬ್ರವರಿ ಕತ್ತರಿಸುವಿಕೆ ಆದ ಮೇಲೆ ಕುಂಡಕ್ಕೆ ಎರಡು ಮುಷ್ಟಿ ಎರೆಹುಳು ಗೊಬ್ಬರ, ಒಂದು ಹಿಡಿ ಬೇವಿನ ಹಿಂಡಿ. ಮಳೆಗಾಲದ ಆರಂಭದಲ್ಲಿ ಇನ್ನೊಮ್ಮೆ ಅಷ್ಟೇ. ಬೇಕೆನಿಸಿದರೆ ಚಿಗುರುವಾಗ ಸಾರಜನಕ, ರಂಜಕ, ಪೊಟ್ಯಾಷ್ ಸಮನಾಗಿರುವ 19:19:19 ಗೊಬ್ಬರವನ್ನು ಲೀಟರಿಗೆ 2 ಗ್ರಾಂನಂತೆ ತಿಂಗಳಿಗೊಮ್ಮೆ, ಒದ್ದೆ ಮಣ್ಣಿಗೆ. ಯೂರಿಯಾ ಬೇಡವೇ ಬೇಡ. ಅಂಗೈಯಗಲ ಕಡು ಹಸಿರು ಎಲೆ, ಉದ್ದುದ್ದ ಮೆದು ಕಾಂಡ, ಹೂವಿಲ್ಲ ಅಂದರೆ ಸಾರಜನಕ ಹೆಚ್ಚಾಗಿದೆ ಎಂದೇ ಅರ್ಥ. ಗೊಬ್ಬರ ನಿಲ್ಲಿಸಿ, ಮೂರನೇ ಒಂದು ಭಾಗ ಕತ್ತರಿಸಿ, ಬಿಸಿಲಿಗೆ ಸರಿಸಿ. ಬಿರು ಬೇಸಿಗೆಯಲ್ಲಿ ರಾಸಾಯನಿಕ ಗೊಬ್ಬರ ಹಾಕಿದರೆ ಉಪ್ಪಿನ ಮೇಲೆ ಉಪ್ಪು ಸೇರಿದಂತಾಗುತ್ತದೆ.

ಕೀಟ, ಧೂಳು

ಎಲೆಯ ಮೇಲ್ಭಾಗ ಬಣ್ಣಗೆಟ್ಟು ಬೂದಿ ಚುಕ್ಕೆಗಳಾಗಿ, ಮಗುಚಿದರೆ ಟಾರಿನ ಹನಿಯಂಥ ಕರಿ ಚುಕ್ಕೆಗಳು, ನಡುವೆ ಜಾಲರಿ ರೆಕ್ಕೆಯ ಪುಟ್ಟ ತಿಗಣೆಗಳು ಕಂಡರೆ ಅದು ಲಂಟಾನದ ಜಾಲರಿ ತಿಗಣೆ. ಕಾಡಿನ ಲಂಟಾನವನ್ನು ಹತ್ತಿಕ್ಕಲೆಂದು ಹೊರದೇಶದಿಂದ ತಂದ ಕೀಟವಿದು. ಕಾಡಿನಲ್ಲಿ ಅದರಿಂದ ಲಂಟಾನ ಅಳಿಯಲಿಲ್ಲ, ಮನೆಯ ಕುಂಡದಲ್ಲಿ ಮಾತ್ರ ಹೂ ನಿಲ್ಲಿಸುತ್ತದೆ. ಬಾಧೆಗೊಂಡ ತುದಿಗಳನ್ನು ಕತ್ತರಿಸಿ, ಉಳಿದ ಎಲೆಗಳ ಹಿಂಬದಿಗೆ ಬೇವಿನೆಣ್ಣೆ ಸಿಂಪಡಿಸಿ: ಲೀಟರ್ ನೀರಿಗೆ 5 ಮಿಲಿ ಎಣ್ಣೆ, 2 ಮಿಲಿ ದ್ರವ ಸೋಪು. ಮೊದಲು ಸೋಪನ್ನು ಎಣ್ಣೆಗೆ ಕಲಸಿ, ಆಮೇಲೆ ನೀರು ಬೆರೆಸಿ. ಸೂರ್ಯ ಮುಳುಗಿದ ಮೇಲೇ ಸಿಂಪಡಿಸಿ, ಬಿಸಿಲಿಗೆ ಸಿಕ್ಕರೆ ಎಣ್ಣೆ ಬಿದ್ದಲ್ಲೆಲ್ಲ ಎಲೆ ಸುಡುತ್ತದೆ. ವಾರಕ್ಕೊಮ್ಮೆಯಂತೆ ಮೂರು ಸಲ ಬೇಕು. ಮೊಟ್ಟೆಗಳು ಒಂದೇ ಸಲಕ್ಕೆ ಸಾಯುವುದಿಲ್ಲ. ಬಿಳಿ ನೊಣಕ್ಕೂ ಇದೇ.

ಹತ್ತಿ ಹೊಲಗಳ ಸಮೀಪ ಹಿಟ್ಟು ತಿಗಣೆ ಹೆಚ್ಚು. ಗೆಣ್ಣುಗಳಲ್ಲಿ ಬಿಳಿ ಹಿಟ್ಟಿನಂತೆ ಕೂತಿರುತ್ತದೆ, ಜೊತೆಗೆ ಇರುವೆ ಸಾಲು. ಒಂದೆರಡಿದ್ದಾಗ ಹಳೆ ಹಲ್ಲುಜ್ಜುವ ಬ್ರಷ್ಷನ್ನು ಸೋಪಿನ ನೀರಿನಲ್ಲಿ ಅದ್ದಿ ಉಜ್ಜಿ ತೆಗೆದರೆ ಮುಗಿಯಿತು. ಇರುವೆ ತಡೆಯದಿದ್ದರೆ ಮತ್ತೆ ಬರುತ್ತದೆ, ಕುಂಡದ ಕೆಳಗೆ ಗೂಡಿದೆಯೇ ನೋಡಿ. ಏಪ್ರಿಲ್ ಒಣ ಗಾಳಿಗೆ ನುಸಿ ಬಂದು ಎಲೆ ಹಿಂದೆ ತೆಳ್ಳನೆ ಬಲೆ ಕಟ್ಟಿದರೆ ಬೆಳಗಿನ ಹೊತ್ತು ಪೈಪಿನ ನೀರನ್ನು ಜೋರಾಗಿ ಕೆಳಗಿನಿಂದ ಮೇಲಕ್ಕೆ ಹೊಡೆಯಿರಿ, ಮೂರು ದಿನ. ಮೊಗ್ಗಿನ ಗೊಂಚಲಿನಲ್ಲಿ ನೂಲು, ಹಿಕ್ಕೆ ಕಂಡರೆ ಒಳಗೆ ಸಣ್ಣ ಹುಳು ಇದೆ. ಆ ಗೊಂಚಲನ್ನು ಚಿವುಟಿ ಹಾಕಿದರೆ ಸಾಕು, ಔಷಧಿ ಬೇಡ. ಚಿಟ್ಟೆಗಳು ಬರುವ ಗಿಡಕ್ಕೆ ವಿಷ ಹೊಡೆಯುವುದು ತರವಲ್ಲ.

ಉಕ್ಕಿನ ಕಾರ್ಖಾನೆ, ಉಷ್ಣ ವಿದ್ಯುತ್ ಸ್ಥಾವರಗಳಿರುವ ತೋರಣಗಲ್ಲು, ಗಿಣಿಗೇರಾ, ಶಕ್ತಿನಗರದ ಸುತ್ತ ಇರುವವರಿಗೆ ಇನ್ನೊಂದು ಕೆಲಸ: ವಾರಕ್ಕೊಮ್ಮೆ ಎಲೆ ತೊಳೆಯುವುದು. ಲಂಟಾನದ ಒರಟು ಎಲೆ ಧೂಳನ್ನು ಹಿಡಿದಿಟ್ಟುಕೊಳ್ಳುತ್ತದೆ. ಧೂಳು ಕೂತ ಎಲೆಗೆ ನುಸಿಯೂ ಬೇಗ ಬರುತ್ತದೆ.

ಕಡ್ಡಿಯಿಂದ ಹೊಸ ಗಿಡ

ಬೀಜದಿಂದ ಬೆಳೆಸುವ ಗೋಜು ಬೇಡ. ಮೊಳೆಯಲು ತಿಂಗಳು ಮೇಲಾಗುತ್ತದೆ, ತಾಯಿ ಗಿಡದ ಬಣ್ಣ ಬರುತ್ತದೆಂಬ ಖಾತ್ರಿಯೂ ಇಲ್ಲ. ಜುಲೈ, ಆಗಸ್ಟಿನಲ್ಲಿ ಪೂರ್ತಿ ಎಳೆಯದೂ ಅಲ್ಲದ, ಕಟ್ಟಿಗೆಯೂ ಆಗದ, ಬಗ್ಗಿಸಿದರೆ ಬಾಗಿ ಆಮೇಲೆ ಟಕ್ಕನೆ ಮುರಿಯುವ ಕಡ್ಡಿ ಆರಿಸಿ. ನಾಲ್ಕರಿಂದ ಐದು ಇಂಚು ಉದ್ದ, ಗೆಣ್ಣಿನ ಕೆಳಗೆ ಕತ್ತರಿಸಿ. ಹೂ, ಮೊಗ್ಗು, ಕೆಳಗಿನ ಎಲೆ ತೆಗೆದು ಮೇಲೆ ಎರಡು ಎಲೆ ಮಾತ್ರ ಬಿಡಿ, ಅವೂ ದೊಡ್ಡವಿದ್ದರೆ ಅರ್ಧಕ್ಕೆ ಕತ್ತರಿಸಿ. ಉಸುಕು, ಕೋಕೋಪೀಟ್ ಸಮಪಾಲು ತುಂಬಿದ ಲೋಟಗಳಲ್ಲಿ ಎರಡು ಗೆಣ್ಣು ಮುಳುಗುವಂತೆ ಊರಿ, ಬೆಳಕಿರುವ ನೆರಳಿನಲ್ಲಿಡಿ. ಮೂರ್ನಾಲ್ಕು ವಾರಕ್ಕೆ ಬೇರು ಬರುತ್ತದೆ. ಚಿಗುರು ಕಂಡ ಕೂಡಲೇ ಕೀಳಬೇಡಿ. ಕಡ್ಡಿಯಲ್ಲಿದ್ದ ಸತ್ವದಿಂದಲೂ ಚಿಗುರುತ್ತದೆ. ಮೆಲ್ಲಗೆ ಎಳೆದಾಗ ಹಿಡಿತ ಸಿಕ್ಕರೆ ಬೇರು ಬಂದಿದೆ.

ಕುಂಡದ ಗಿಡವನ್ನು ಎರಡು ವರ್ಷಕ್ಕೊಮ್ಮೆ ಜೂನಿನಲ್ಲಿ ಎತ್ತಿ, ಗಡ್ಡೆಯ ಸುತ್ತ ಮತ್ತು ತಳದಿಂದ ಒಂದು ಇಂಚು ಬೇರು ಕೊಯ್ದು, ಮೇಲಿನ ಗಿಡವನ್ನೂ ಮೂರನೇ ಒಂದು ಭಾಗ ಇಳಿಸಿ, ಹೊಸ ಮಣ್ಣು ತುಂಬಿ ಅದೇ ಕುಂಡಕ್ಕೆ ಹಾಕಬಹುದು.

ಕಾಯಿ, ಕುರಿ, ಮಕ್ಕಳು

ಹಸಿರು ಕಾಯಿ ವಿಷ. ಪುಟ್ಟ ಮಕ್ಕಳಿರುವ ಮನೆಯಲ್ಲಿ ಕುಂಡ ಕೈಗೆ ಸಿಗದ ಎತ್ತರದಲ್ಲಿರಲಿ, ಕಾಯಿ ಕಟ್ಟಿದ ಗೊಂಚಲನ್ನು ಕಪ್ಪಾಗುವ ಮೊದಲೇ ಕತ್ತರಿಸಿ. ಮಗು ತಿಂದರೆ ಕಾಯದೆ ಆಸ್ಪತ್ರೆಗೆ ಕರೆದೊಯ್ಯಿರಿ.

ಎಲೆಯಲ್ಲಿರುವ ಲಂಟಾಡೀನ್ ಎಂಬ ವಿಷ ದನ, ಎಮ್ಮೆ, ಕುರಿ, ಆಡುಗಳ ಯಕೃತ್ತನ್ನು ಕೆಡಿಸುತ್ತದೆ. ಕಾಮಾಲೆಯಾಗುತ್ತದೆ, ಮೇವು ಬಿಡುತ್ತವೆ, ಬಿಸಿಲಿಗೆ ನಿಂತರೆ ಮೂತಿ, ಕಿವಿ, ಬಿಳಿ ಚರ್ಮದ ಭಾಗ ಸುಟ್ಟಂತೆ ಸುಲಿಯುತ್ತದೆ. ಮೇವು ಸಿಕ್ಕಾಗ ಅವು ಲಂಟಾನ ಮುಟ್ಟುವುದಿಲ್ಲ, ಬೇಸಿಗೆಯ ಹಸಿವಿನಲ್ಲಿ ಓಣಿಗೆ ಎಸೆದ ಹಸಿರು ತೊಪ್ಪಲನ್ನು ತಿನ್ನುತ್ತವೆ. ಒಣಗಿದ ಎಲೆಯಲ್ಲೂ ವಿಷ ಉಳಿದಿರುತ್ತದೆ. ಅದಕ್ಕಾಗಿ ಕತ್ತರಿಸಿದ್ದನ್ನು ಬೀದಿಗೆ, ತಿಪ್ಪೆಗೆ ಹಾಕಬೇಡಿ. ಕಾಯಿಗಳನ್ನು ಬೇರ್ಪಡಿಸಿ ಚೀಲದಲ್ಲಿ ಕಟ್ಟಿ ಕಸದ ಗಾಡಿಗೆ ಕೊಡಿ. ಉಳಿದ ಕಡ್ಡಿ, ಎಲೆಗಳನ್ನು ಮಾಳಿಗೆ ಮೇಲೆ ಎಂಟು ಹತ್ತು ದಿನ ಒಣಗಿಸಿದರೆ ಮತ್ತೆ ಬೇರು ಬಿಡಲಾರವು. ಆಮೇಲೆ ಪುಡಿ ಮಾಡಿ ಮುಚ್ಚಳವಿರುವ ಗೊಬ್ಬರದ ಡ್ರಮ್ಮಿಗೆ ಹಾಕಿ. ಜಾನುವಾರು ತಿಂದದ್ದು ಗೊತ್ತಾದರೆ ನೆರಳಿನಲ್ಲಿ ಕಟ್ಟಿ, ನೀರಿಟ್ಟು, ಅದೇ ದಿನ ಪಶುವೈದ್ಯರನ್ನು ಕರೆಸಿ, ತಿಂದದ್ದು ಲಂಟಾನ ಎಂದು ಹೇಳಲು ಒಂದು ಟೊಂಗೆಯನ್ನೂ ತೋರಿಸಿ.